ಸೆಲಿನ್ ಕರೆದವರೆಲ್ಲ

ತಾಯಿ ಸೆಲಿನ್ ಊಟ ಬಿಟ್ಟ ವಾರ ಕೆಲ್ವಿನ್ ಲಂಡನ್ನಿಗೆ ಫೋನ್ ಮಾಡಿ ಚಿಕ್ಕಮ್ಮನನ್ನು ಬರಹೇಳಿದ. ಹೇಳುವ ಮೊದಲು ಹೆಂಡತಿಯನ್ನು ಕೇಳಿರಲಿಲ್ಲ.

“ಆ ತಂಗಿ ಹೆಸರೆತ್ತಿದ್ರೆ ಸಾಕು, ನಿಮ್ಮಮ್ಮ ಟೇಬಲ್ ಬಿಟ್ಟು ಎದ್ದು ಹೋಗ್ತಿದ್ರು. ಮರ್ತೋಯ್ತಾ ನಿಂಗೆ?” ಎಂದಳು ಜೆನಿಫರ್.

“ಅಮ್ಮನಿಗೇ ಮರೆತು ಹೋಗಿದೆ ಮಾರಾಯ್ತಿ. ನಾನು ನೆನಪಿಟ್ಟುಕೊಂಡು ಎಂತ ಮಾಡ್ಲಿ?”

ಅತ್ತೆಯನ್ನು ನೋಡಿಕೊಳ್ಳಲು ಬಂದಿದ್ದ ಇಬ್ಬರು ಹೆಂಗಸರು ಒಬ್ಬರ ಹಿಂದೊಬ್ಬರು ಕೆಲಸ ಬಿಟ್ಟಿದ್ದರು. ಜೆನಿಫರ್‌ಗೆ ಹಲ್ಲಿನ ಕ್ಲಿನಿಕ್ಕಿನಲ್ಲಿ ಕೆಲಸ, ಕೆಲ್ವಿನ್‌ಗೆ ವಿಮಾನದ ಕಂಪನಿಯಲ್ಲಿ ಎಂಜಿನಿಯರ್ ಕೆಲಸ, ಮಗಳು ಜೋಸ್ವಿನ್‌ಗೆ ಹೈಸ್ಕೂಲಿನ ಕೊನೆಯ ವರ್ಷ. ಹಗಲು ಹೊತ್ತು ಸರೋವರದ ದಡದ ಕೆನ್ಮೋರ್‌ನ ಆ ಮನೆಯಲ್ಲಿ ಸೆಲಿನ್ ಒಬ್ಬಳೇ. ಮಹಡಿಯ ಕೋಣೆಯಲ್ಲಿ ಅವಳ ಮಂಚದ ಎದುರು ಒಂದು ಕ್ಯಾಮೆರಾ ಇಟ್ಟಿದ್ದರು. ಜೆನಿಫರ್ ಒಬ್ಬರ ಹಲ್ಲು ನೋಡಿ ಇನ್ನೊಬ್ಬರು ಬಂದು ಕೂರುವ ಸಂದಿನಲ್ಲಿ ಫೋನ್ ತೆಗೆದು ಅತ್ತೆಯನ್ನು ನೋಡುತ್ತಿದ್ದಳು.

ಚಿಕ್ಕಮ್ಮ ಕ್ರಿಸ್ಟಿನಾ ಸೆಪ್ಟೆಂಬರಿನಲ್ಲಿ ಬಂದಳು. ಎಪ್ಪತ್ತೈದು ದಾಟಿದ ಸಣಕಲು ಹೆಂಗಸು. ಮುಖದಲ್ಲಿ ನೆನಪುಳಿಯುವಂಥದ್ದೇನೂ ಇಲ್ಲ. ವಿಮಾನ ನಿಲ್ದಾಣದಲ್ಲಿ ಕೆಲ್ವಿನ್ ಅವಳ ಪಕ್ಕದಲ್ಲೇ ಹಾದುಹೋಗಿದ್ದ. ಅವಳೇ ಹಿಂದಿನಿಂದ ಕೂಗಿ ಕರೆಯಬೇಕಾಯಿತು.

ಮನೆಗೆ ಬಂದವಳು ಕೋಟು ಕೂಡ ಕಳಚದೆ ಮಹಡಿಗೆ ಹೋಗಿ ಅಕ್ಕನ ಕೈ ಹಿಡಿದಳು.

“ಅಕ್ಕ, ನಾನು ಕ್ರಿಸ್ಸಿ.”

ಸೆಲಿನ್ ಅವಳನ್ನು ಅಡಿಯಿಂದ ಮುಡಿವರೆಗೆ ನೋಡಿದಳು. “ಕ್ರಿಸ್ಸಿ ಲಂಡನ್ನಲ್ಲಿದ್ದಾಳೆ. ಅವಳು ಬರುದಿಲ್ಲ,” ಎಂದು ಗೋಡೆಯ ಕಡೆ ತಿರುಗಿ ಮಲಗಿದಳು.

ಕ್ರಿಸ್ಟಿನಾ ಉಡುಪಿಯ ಮಿಷನ್ ಕಾಂಪೌಂಡಿನಿಂದ ನರ್ಸ್ ತರಬೇತಿಗೆಂದು ಇಂಗ್ಲೆಂಡಿಗೆ ಹೋದಾಗ ಇನ್ನೂ ಚಿಕ್ಕ ಹುಡುಗಿ. ಅವಳು ಕೆಲಸ ಮಾಡುತ್ತಿದ್ದ ಆಸ್ಪತ್ರೆಯಲ್ಲಿ ಟಿವಿಯವರು ಒಂದು ಧಾರಾವಾಹಿಯ ಚಿತ್ರೀಕರಣಕ್ಕೆ ಬಂದಿದ್ದರು. ಟ್ರೇ ಹಿಡಿದು ನಡೆಯಬೇಕಿದ್ದ ನಟಿ ಕೈಕೊಟ್ಟಳು. ಇವಳು ಹಿಡಿದು ನಡೆದಳು. ಮುಂದಿನ ತಿಂಗಳು ಮತ್ತೆ ಕರೆದರು, ಆಮೇಲೆ ಬೇರೆಯವರೂ ಕರೆದರು. ಐವತ್ತು ವರ್ಷ ಬ್ರಿಟನ್ನಿನ ಟಿವಿಯಲ್ಲಿ, ಸಿನಿಮಾದಲ್ಲಿ ಅವಳು ನರ್ಸ್ ಆದಳು, ಆಯಾ ಆದಳು, ಬೀದಿ ಮೂಲೆಯ ಅಂಗಡಿಯ ಒಡತಿಯಾದಳು, ಬೆಳಿಗ್ಗೆ ಹಾಲು ತೆಗೆದುಕೊಳ್ಳಲು ಬಾಗಿಲು ತೆರೆದು ಹೆಣ ನೋಡಿ ಚೀರುವ ಪಕ್ಕದ ಮನೆಯವಳಾದಳು. ಅವಳು ಪರದೆಯ ಮೇಲೆ ಬಂದರೆ ಯಾರೋ ಸಾಯಲಿದ್ದಾರೆ, ಇಲ್ಲವೇ ಆಗಲೇ ಸತ್ತಿದ್ದಾರೆ ಎಂದರ್ಥ. ಕೊನೆಯಲ್ಲಿ ಓಡುವ ಹೆಸರುಗಳಲ್ಲಿ ಅವಳ ಎದುರು ಎರಡನೇ ನರ್ಸ್ ಎಂದೋ ಮುದುಕಿ ಎಂದೋ ಇರುತ್ತಿತ್ತು. ಈಚೆಗೆ ಅದೂ ನಿಂತಿತ್ತು. ಅವಳು ಮದುವೆಯಾಗಿರಲಿಲ್ಲ.

ಜೋಸ್ವಿನ್ ಹಳೆಯ ತುಣುಕುಗಳನ್ನು ಲ್ಯಾಪ್‌ಟಾಪಿನಲ್ಲಿ ಹುಡುಕಿ ತೆಗೆದಳು. ಶಾಲೆಯ ನಾಟಕಗಳಲ್ಲಿ ಅವಳೂ ಇರುತ್ತಿದ್ದಳು. ಊಟದ ಮೇಜಿನಲ್ಲಿ ಒಂದೊಂದೇ ಹಾಕಿ ತೋರಿಸಿ, “ವೇಟ್, ದಟ್ಸ್ ಯು?” ಎಂದು ಕೇಳುವಳು. ಪ್ರತಿ ಸಲವೂ ಕ್ರಿಸ್ಟಿನಾ ಬೆರಳಿಟ್ಟು ತೋರಿಸುವ ತನಕ ಮನೆಯವರಿಗೆ ಗುರುತು ಸಿಗುತ್ತಿರಲಿಲ್ಲ.

“ಎತ್ತರ ಕೂಡ ಬೇರೆ ಥರ ಕಾಣ್ತಿದೆಯಲ್ಲ ಆಂಟಿ,” ಎಂದಳು ಜೆನಿಫರ್.

“ಎದುರಿಗಿದ್ದವರು ಯಾರನ್ನು ನೋಡ್ಲಿಕ್ಕೆ ಕಾಯ್ತಾರೋ, ನಾವು ಅವರಾಗಬೇಕು. ಅಷ್ಟೇ,” ಎಂದಳು ಕ್ರಿಸ್ಟಿನಾ, ಮೀನು ಸಾರಿಗೆ ಇನ್ನಷ್ಟು ಹುಳಿ ಬೇಕಿತ್ತೆನ್ನುವಷ್ಟೇ ಸಲೀಸಾಗಿ.

ಅವಳು ಬಂದ ಮೇಲೂ ಸೆಲಿನ್ ಊಟ ಮಾಡಲಿಲ್ಲ. ಒಂದು ಭಾನುವಾರ ಮಧ್ಯಾಹ್ನ ಅವಳನ್ನು ಕೆಳಗೆ ಕರೆತಂದು ಮೇಜಿನ ಮುಂದೆ ಕೂರಿಸಿದರು. ಜೆನಿಫರ್ ಗಂಜಿಯ ಚಮಚ ಬಾಯಿಯ ಹತ್ತಿರ ಒಯ್ದರೆ ಸೆಲಿನ್ ಹಲ್ಲು ಕಚ್ಚಿಕೊಂಡಳು.

“ಒಂದ್ಚೂರು ತಗೊಳ್ಳಿ ಅತ್ತೆ. ಹಿಂಗೆ ಮಾಡಿದ್ರೆ ಆಸ್ಪತ್ರೆಗೆ ಹಾಕ್ತಾರೆ, ಮೂಗಿಗೆ ಟ್ಯೂಬ್ ಹಾಕ್ತಾರೆ. ಬೇಕಾ ನಿಮಗೆ?”

“ಅಮ್ಮ ಕೊಡ್ಲಿ. ಅಮ್ಮ ಎಲ್ಲಿ?”

“ಅಜ್ಜಿ ಈಗ ಎಲ್ಲಿ ಅಮ್ಮಾ...” ಎಂದು ಕೆಲ್ವಿನ್ ಶುರು ಮಾಡಿದ.

ಅಡುಗೆಮನೆಯಲ್ಲಿ ಪಾತ್ರೆ ತೊಳೆಯುತ್ತಿದ್ದ ನೀರು ನಿಂತಿತು. ಯಾರೋ ಗಂಟಲು ಸರಿಮಾಡಿಕೊಂಡರು. ಎಡಗಾಲನ್ನು ಸ್ವಲ್ಪ ಎಳೆಯುತ್ತಾ, ಒಂದು ಕೈ ಸೊಂಟದ ಮೇಲಿಟ್ಟು ಕ್ರಿಸ್ಟಿನಾ ಬಂದಳು. ವೇಷವೆಂದು ಹೆಗಲ ಮೇಲೆ ಪಾತ್ರೆ ಒರೆಸುವ ಬಟ್ಟೆ ಇತ್ತು, ಅಷ್ಟೇ. ಮುಖ ಮಾತ್ರ ಬೇರೆಯಾಗಿತ್ತು. ಕೆನ್ನೆ ಜೋತು, ತುಟಿ ಒಳಸೇರಿತ್ತು.

“ಎಂತ ಹಠ ಇದು ಸೆಲ್ಲೀ? ಗಂಜಿ ತಣ್ದು ಕಲ್ಲಾಗ್ತದೆ. ಬಾಯಿ ತೆಗಿ.”

ಸೆಲಿನ್ ಬಾಯಿ ತೆರೆದಳು. ಬಟ್ಟಲು ಪೂರ್ತಿ ಮುಗಿಸಿದಳು. ಕೆಲ್ವಿನ್ ಕುರ್ಚಿಯ ತೋಳನ್ನು ಹಿಡಿದು ಕೂತಿದ್ದ. ಅಜ್ಜಿ ಸತ್ತಾಗ ಅವನಿಗೆ ಹನ್ನೊಂದು ವರ್ಷ. ಆ ಕಾಲು, ಆ ಗಂಟಲು ಅವನಿಗೆ ಮರೆತೇ ಹೋಗಿತ್ತು. ಈಗ ಅದೆಲ್ಲ ಮರಳಿ ನೆನಪಾಯಿತು.

ಅಂದಿನಿಂದ ಸೆಲಿನ್ ಊಟ ಮಾಡಿದಳು. ಆದರೆ ದಿನಕ್ಕೊಬ್ಬರನ್ನು ಕರೆಯತೊಡಗಿದಳು. ಸಂಡೇ ಸ್ಕೂಲಿನ ಟೀಚರನ್ನು ಕರೆದಳು, ಪಾದ್ರಿಯವರ ಹೆಂಡತಿಯನ್ನು ಕರೆದಳು, ಕಾಂಪೌಂಡಿನ ಬಾವಿಗೆ ನೀರಿಗೆ ಬರುತ್ತಿದ್ದ ಪಾರ್ವತೆವ್ವನನ್ನು ಕರೆದಳು. ಕರೆದವರೆಲ್ಲ ಬಂದರು. ಪ್ರತಿಯೊಬ್ಬರಿಗೂ ಬೇರೆ ನಡಿಗೆ, ಬೇರೆ ದನಿ, ಬೇರೆ ನಗು. ಸೆಲಿನ್‌ಗೆ ಮೈ ತುಂಬಿಕೊಂಡಿತು. ಕೆನ್ನೆಗೆ ಬಣ್ಣ ಬಂತು.

“ಟುನೈಟ್ ಯಾರು?” ಎಂದು ಜೋಸ್ವಿನ್ ತಟ್ಟೆ ಇಡುವಾಗ ಕೇಳುವುದು ರೂಢಿಯಾಯಿತು. ಅಜ್ಜಿಯ ಪಕ್ಕದಲ್ಲಿ ಬಂದವರಿಗೊಂದು ತಟ್ಟೆ ಇಡಬೇಕಿತ್ತು.

ಜೆನಿಫರ್ ಒಮ್ಮೆ ಆ ತಟ್ಟೆಯನ್ನು ಎತ್ತಿ ಸಿಂಕಿಗೆ ಹಾಕಿದಳು. “ಸತ್ತೋರನ್ನೆಲ್ಲಾ ಕರ್ಕೊಂಡ್ಬಂದು ಊಟಕ್ಕೆ ಕೂರಿಸ್ತಿದೀರ. ಇದು ಮನೆನಾ?”

“ಡಾಕ್ಟರೇ ಹೇಳಿದ್ದಾರಲ್ಲ, ಅಮ್ಮ ಹೇಳಿದ್ದಕ್ಕೆ ಎದುರು ಹೇಳ್ಬೇಡಿ ಅಂತ,” ಎಂದ ಕೆಲ್ವಿನ್.

“ಎದುರು ಹೇಳ್ಬೇಡಿ ಅಂದ್ರು. ಎದುರಿಗೆ ತಂದು ನಿಲ್ಸಿ ಅಂತ ಹೇಳಿಲ್ಲ!”

ಕ್ರಿಸ್ಟಿನಾ ಸಿಂಕಿನಿಂದ ತಟ್ಟೆ ತೆಗೆದು ತೊಳೆದು ಒರೆಸಿ ಇಟ್ಟಳು.

ಅಕ್ಟೋಬರಿನಲ್ಲಿ ಒಂದು ದಿನ ಜೆನಿಫರ್ ಜ್ವರ ಬಂದು ಬೇಗ ಮನೆಗೆ ಮರಳಿದಳು. ಮೆಟ್ಟಿಲ ಕೆಳಗೆ ಶೂ ಬಿಚ್ಚುತ್ತಿದ್ದವಳಿಗೆ ಮೇಲಿಂದ ಗಂಡಸೊಬ್ಬ ಕೆಮ್ಮುವ ಸದ್ದು ಕೇಳಿಸಿತು. ಎರಡು ಸಣ್ಣ ಕೆಮ್ಮು, ಒಂದು ಉದ್ದದ್ದು. ಅದು ಮಾವ ಫ್ರಾನ್ಸಿಸ್‌ನ ಕೆಮ್ಮು. ಅವನು ತೀರಿಕೊಂಡು ಬಹಳ ವರ್ಷಗಳಾಗಿದ್ದವು. ಸೆಲಿನ್ ಹುಡುಗಿಯ ಹಾಗೆ ನಗುತ್ತಿದ್ದಳು.

ಜೆನಿಫರ್ ಹತ್ತಿಹೋಗಿ ಬಾಗಿಲು ನೂಕಿದಳು. ಕ್ರಿಸ್ಟಿನಾ ಕಾಲು ಅಗಲಿಸಿ, ಹೊಟ್ಟೆ ಮುಂದೆ ಮಾಡಿ ಕುರ್ಚಿಯಲ್ಲಿ ಕೂತಿದ್ದಳು. ಇವಳನ್ನು ನೋಡಿದ ಮೇಲೂ ಬದಲಾಗಲಿಲ್ಲ.

“ಜೆನಿಫರ್, ಬಂದ್ಯಾ? ಕಾಫಿ ಉಂಟಾ ಸ್ವಲ್ಪ?”

ಜೆನಿಫರ್ ಕೆಳಗಿಳಿದು ಅಡುಗೆಮನೆಯಲ್ಲಿ ನಿಂತಳು. ಕಾಫಿಗೆ ನೀರಿಟ್ಟ ಮೇಲೆ, ಅದು ಯಾರಿಗೆಂದು ಹೊಳೆದು ಒಲೆ ಆರಿಸಿದಳು.

“ನೀವು ನಮ್ಮ ಮಾವನ್ನ ನೋಡಿಯೇ ಇಲ್ಲ,” ಎಂದಳು, ಆಮೇಲೆ ಕೆಳಗೆ ಬಂದ ಕ್ರಿಸ್ಟಿನಾಳಿಗೆ. “ಅವರ ಮದುವೆಗೂ ಬಂದಿರ್ಲಿಲ್ಲ ನೀವು. ಆ ಕೆಮ್ಮು ಹೆಂಗೆ ಗೊತ್ತು?”

“ಅಕ್ಕ ಕಾಯ್ತಾಳೆ. ನಾನು ಕೆಮ್ಮಿದ್ದು ಸರಿಯಾಗದಿದ್ರೆ ಅವಳ ಹುಬ್ಬು ಗಂಟಾಗ್ತದೆ. ಮತ್ತೊಮ್ಮೆ ಬೇರೆ ಥರ ಕೆಮ್ತೇನೆ. ಹುಬ್ಬು ಸಡಿಲ ಆಯ್ತೋ, ಅದೇ.”

“ನನ್ನ ಹೆಸರು ಹಿಡಿದು ಕಾಫಿ ಕೇಳಿದ್ರಲ್ಲ? ಅಲ್ಲಿ ಯಾರ ಹುಬ್ಬು ನೋಡಿದ್ರಿ?”

“ಅದು ಗೊತ್ತಿಲ್ಲ ಮಗಾ. ಬಾಯಿಗೆ ಬಂತು.”

ಆ ವಾರವೇ ಇನ್ನೊಂದು ಸಂಗತಿ ನಡೆಯಿತು. ಕ್ಲಿನಿಕ್ಕಿನಲ್ಲಿ ಜೆನಿಫರ್ ಫೋನ್ ತೆರೆದು ಅತ್ತೆಯ ಕೋಣೆ ನೋಡಿದಳು. ಸೆಲಿನ್ ಕ್ಯಾಮೆರಾಕ್ಕೆ ಬೆನ್ನು ಮಾಡಿ ಮಂಚದ ಅಂಚಿನಲ್ಲಿ ಕೂತಿದ್ದಳು. ಮಾತು ಕೇಳಿಸುತ್ತಿತ್ತು. ಒಂದು ಸೆಲಿನ್‌ಳ ದನಿ. ಇನ್ನೊಂದು ಹರೆಯದ ಹುಡುಗಿಯ ದನಿ, ನಗುನಗುತ್ತಾ, “ಬೇಡಕ್ಕಾ, ಬಿಡು, ನಾನು ಹೋಗ್ತೇನೆ” ಎನ್ನುತ್ತಿತ್ತು. ಕುರ್ಚಿ ಖಾಲಿಯಾಗಿತ್ತು. ಜೆನಿಫರ್ ಕ್ರಿಸ್ಟಿನಾಳಿಗೆ ಕಾಲ್ ಮಾಡಿದಳು.

“ಎಲ್ಲಿದೀರ?”

“ಅಂಗಡಿಯಲ್ಲಿ, ಕೆಲ್ವಿನ್ ಜೊತೆ. ಅವನಿಗಿವತ್ತು ರಜೆ ಅಲ್ವಾ. ಬಂಗುಡೆ ಸಿಕ್ಕಿತು. ಯಾಕೆ?”

ಸಂಜೆ ಜೆನಿಫರ್ ಗಂಡನನ್ನು ಗ್ಯಾರೇಜಿಗೆ ಕರೆದೊಯ್ದು ಹೇಳಿದಳು. ಕೆಲ್ವಿನ್ ನಂಬಲಿಲ್ಲ. “ಜೋಸ್ವಿನ್ ಇದ್ದಿರ್ಬೇಕು.”

“ಅವಳು ಸ್ಕೂಲಲ್ಲಿದ್ಲು. ನಂಗೆ ಈ ಮನೇಲಿ ಇರಕ್ಕಾಗಲ್ಲ, ಕೆಲ್ವಿನ್. ಅವರು ವಾಪಸ್ ಹೋಗ್ಲಿ, ಇಲ್ಲಾಂದ್ರೆ ನಾನು ಜೋಸ್ವಿನ್‌ನ ಕರ್ಕೊಂಡು ಸ್ನೊಕ್ವಾಲ್ಮಿಗೆ, ನನ್ನ ಅಣ್ಣನ ಮನೆಗೆ ಹೋಗ್ತೀನಿ.”

“ಚಿಕ್ಕಮ್ಮ ಹೋದ್ರೆ ಅಮ್ಮ ಊಟ ಬಿಡ್ತಾಳೆ. ಸಾಯ್ತಾಳೆ. ಹೇಳು, ಕಳಿಸ್ಲಾ?”

ಅವಳು ಕಳಿಸು ಎನ್ನಲಿಲ್ಲ. ಆದರೆ ಅಂದಿನಿಂದ ಗಂಡನ ಜೊತೆ ಮಾತು ಬಿಟ್ಟಳು. ಸಾರು, ಪಲ್ಯ, ಪಾತ್ರೆ, ಬಟ್ಟೆ ಎಲ್ಲವೂ ಮೌನದಲ್ಲೇ ನಡೆದವು. ಸದ್ದಿರುತ್ತಿದ್ದುದು ಮಹಡಿಯ ಕೋಣೆಯಲ್ಲಿ ಮಾತ್ರ.

ನವೆಂಬರ್ ಬಂತು. ನಾಲ್ಕೂವರೆಗೆಲ್ಲ ಕತ್ತಲೆ. ಸರೋವರದ ಮೇಲಿನ ಮಂಜು ಹಿತ್ತಿಲವರೆಗೆ ಬಂದು ಕೂರುತ್ತಿತ್ತು. ಒಂದು ಸಂಜೆ ಸೆಲಿನ್ ದಿಂಬಿನಿಂದ ತಲೆಯೆತ್ತಿ, “ಕ್ರಿಸ್ಸಿ ಎಲ್ಲಿ? ಕರೀರಿ ಅವಳನ್ನು. ಒಂದು ಮಾತುಂಟು,” ಎಂದಳು.

ಕ್ರಿಸ್ಟಿನಾ ಅಲ್ಲೇ ಇದ್ದಳು. “ಅಕ್ಕ, ಇಲ್ಲೇ ಇದ್ದೇನೆ.”

ಸೆಲಿನ್ ನೋಡಿದಳು. ಹುಬ್ಬು ಗಂಟಾಯಿತು. “ನೀನಲ್ಲ.”

ಕ್ರಿಸ್ಟಿನಾ ಹೊರಗೆ ಹೋಗಿ ಬೆನ್ನು ನೆಟ್ಟಗೆ ಮಾಡಿಕೊಂಡು, ದನಿ ಎಳೆಯದು ಮಾಡಿಕೊಂಡು ಬಂದಳು. ನೀನಲ್ಲ. ಮತ್ತೆ ಹೋಗಿ ನಗುತ್ತಾ, ಕುಣಿಯುತ್ತಾ ಬಂದಳು. ನೀನಲ್ಲ. ಐವತ್ತು ವರ್ಷ ಯಾರು ಬೇಕೆಂದರೆ ಅವರಾದವಳಿಗೆ ಅಂದು ಆಗಲಿಲ್ಲ. ಮಾರನೆಯ ದಿನವೂ ಸೆಲಿನ್ ಕ್ರಿಸ್ಸಿಯನ್ನೇ ಕೇಳಿದಳು. ಅಮ್ಮ ಬಂದರೂ ಬೇಡ, ಫ್ರಾನ್ಸಿಸ್ ಬಂದರೂ ಬೇಡ. ಗಂಜಿ ಮತ್ತೆ ತಣ್ಣಗಾಗತೊಡಗಿತು.

ಜೋಸ್ವಿನ್ ಒಂದು ಬೆಳಿಗ್ಗೆ ಸಿರಿಯಲ್ ತಿನ್ನುತ್ತಾ ಹೇಳಿದಳು: “ಐ ಕುಡ್ ಡು ಇಟ್. ಐ ಲುಕ್ ಲೈಕ್ ಹರ್. ಹಳೇ ಫೋಟೋದಲ್ಲಿ.”

“ಬಾಯಿ ಮುಚ್ಚು,” ಎಂದಳು ಜೆನಿಫರ್. ಆಮೇಲೆ ಕ್ರಿಸ್ಟಿನಾಳ ಕಡೆ ತಿರುಗಿ, “ನನ್ನ ಮಗಳನ್ನ ಇದಕ್ಕೆ ಎಳೀಬೇಡಿ ಆಂಟಿ. ಕೈ ಮುಗೀತೀನಿ.”

“ನಾನು ಕೇಳ್ಲಿಲ್ಲ,” ಎಂದಳು ಕ್ರಿಸ್ಟಿನಾ. “ಕೇಳುದೂ ಇಲ್ಲ.”

ಸೆಲಿನ್ ಮತ್ತೆ ಬಡವಾದಳು. ಆಸ್ಪತ್ರೆಯಿಂದ ಮನೆಗೆ ಬರುವ ನರ್ಸ್ ತೂಕ ನೋಡಿ ಕೆಲ್ವಿನ್‌ನನ್ನು ಪಕ್ಕಕ್ಕೆ ಕರೆದು ಮಾತಾಡಿದಳು. ಅವನು ಗ್ಯಾರೇಜಿನಲ್ಲಿ ಕಾರಿನೊಳಗೆ ಕೂತು ಅಳುತ್ತಿದ್ದುದನ್ನು ಜೆನಿಫರ್ ನೋಡಿದಳು. ಒಳಗೆ ಬಂದು ಅಕ್ಕಿ ತೊಳೆಯುತ್ತಾ, ಯಾರ ಮುಖವನ್ನೂ ನೋಡದೆ, “ಒಂದೇ ಒಂದು ಸಲ,” ಎಂದಳು. “ನಾನು ಬಾಗಿಲಲ್ಲೇ ನಿಂತಿರ್ತೀನಿ.”

ಕ್ರಿಸ್ಟಿನಾ ಜೋಸ್ವಿನ್‌ಗೆ ಕಲಿಸಿದಳು. ಕನ್ನಡ ಅರ್ಥವಾಗುತ್ತಿದ್ದರೂ ಜೋಸ್ವಿನ್ ಒಂದೆರಡು ಪದದಾಚೆ ಆಡಿದವಳಲ್ಲ. ‘ಹೌದಕ್ಕ’, ‘ಇಲ್ಲಕ್ಕ’, ‘ಬಂದೆ ಅಕ್ಕ’, ಇಷ್ಟನ್ನೇ ಉಡುಪಿಯ ಎಳೆತದಲ್ಲಿ ಹೇಳಿಸಿದಳು. ಹೇಗೆ ನಿಲ್ಲುತ್ತಿದ್ದೆ, ಜಡೆಯನ್ನು ಹೇಗೆ ಹಿಂದಕ್ಕೆ ಎಸೆಯುತ್ತಿದ್ದೆ ಎಂದು ತೋರಿಸಲು ಹೋಗಿ ಕ್ರಿಸ್ಟಿನಾ ನಡುವೆ ನಿಂತುಬಿಡುತ್ತಿದ್ದಳು.

“ನನಗೆ ನೆನಪೇ ಇಲ್ಲ, ಮಗಾ. ನೀನೇ ನೋಡ್ಕೋ.”

ಶನಿವಾರ ಮಧ್ಯಾಹ್ನ ಜೋಸ್ವಿನ್ ಎರಡು ಜಡೆ ಹಾಕಿಕೊಂಡು ಕೋಣೆಗೆ ಹೋದಳು. ಹೊರಗೆ ಬಾಗಿಲ ಸಂದಿನಲ್ಲಿ ಜೆನಿಫರ್, ಅವಳ ಹಿಂದೆ ಕೆಲ್ವಿನ್, ಗೋಡೆಗೊರಗಿ ಕ್ರಿಸ್ಟಿನಾ.

“ಬಂದೆ ಅಕ್ಕ.”

ಸೆಲಿನ್‌ಳ ಹುಬ್ಬು ಸಡಿಲವಾಯಿತು. “ಬಂದ್ಯಾ? ಈಗ ಬಂದ್ಯಾ?” ಎಂದು ಕೈ ಚಾಚಿದಳು. “ಅಮ್ಮ ಹೋದ್ಳು, ಗೊತ್ತುಂಟಾ ನಿಂಗೆ?”

“ಹೌದಕ್ಕ.”

“ಫೋನ್ ಮಾಡಿದ್ವಿ. ಬರ್ಲಿಕ್ಕೆ ಆಗುದಿಲ್ಲ ಅಂದಿ. ಶೂಟಿಂಗ್ ಉಂಟು, ಹೆಸರಿದ್ದ ಪಾರ್ಟು ಸಿಕ್ಕಿದೆ ಅಂದಿ.”

ಗೋಡೆಗೊರಗಿದ್ದ ಕ್ರಿಸ್ಟಿನಾ ಕಣ್ಣು ಮುಚ್ಚಿದಳು.

“ಅಮ್ಮನಿಗೆ ಕಣ್ಣು ಕಾಣ್ತಿರ್ಲಿಲ್ಲ. ಕ್ರಿಸ್ಸಿ, ಕ್ರಿಸ್ಸಿ ಅಂತ ಒಂದೇ ಜಪ. ನಾನೆಂತ ಮಾಡ್ಲಿ? ಹತ್ರ ಹೋಗಿ, ‘ಬಂದೆ ಅಮ್ಮಾ’ ಅಂದೆ. ನಿನ್ನ ಹಾಗೆ ನಗಾಡಿದೆ. ನಿನ್ನ ದನಿ ಮಾಡಿದೆ. ಅಮ್ಮ ನಂಬಿದ್ಳು. ನನ್ನ ಕೈ ಹಿಡ್ಕೊಂಡು ನಿನ್ನತ್ರ ಮಾತಾಡಿದ್ಳು, ಮೂರು ದಿನ. ಮುತ್ತು ಕೊಟ್ಳು. ಪ್ರಾರ್ಥನೆ ಮಾಡಿದ್ಳು. ಎಲ್ಲ ನಿಂಗೆ. ಸೆಲಿನ್ ಎಲ್ಲಿ ಅಂತ ಒಂದು ಸಲ ಕೇಳ್ಲಿಲ್ಲ. ಚಾಕರಿ ಮಾಡಿದ್ದು ಯಾರು? ಹೇಳು, ಯಾರು?”

ಜೋಸ್ವಿನ್‌ಗೆ ಕಲಿಸಿದ ಮಾತುಗಳಲ್ಲಿ ಇದಕ್ಕೆ ಉತ್ತರವಿರಲಿಲ್ಲ. ಅವಳು ಬಾಗಿಲ ಕಡೆ ನೋಡಲಿಲ್ಲ. ಸೆಲಿನ್‌ಳ ಮುಖವನ್ನೇ ನೋಡುತ್ತಾ, “ನೀನೇ ಅಕ್ಕಾ. ನಾನು ಪಾಪಿ, ಬರ್ಲಿಲ್ಲ. ಹೆದರಿದೆ ಅಕ್ಕಾ, ಬಂದ್ರೆ ಮತ್ತೆ ಹೋಗ್ಲಿಕ್ಕೆ ಬಿಡುದಿಲ್ಲ ಅಂತ,” ಎಂದಳು.

ಜೆನಿಫರ್ ಬಾಗಿಲ ಚೌಕಟ್ಟನ್ನು ಹಿಡಿದಳು. ಮಗಳ ಬಾಯಲ್ಲಿ ಅಂಥ ಕನ್ನಡವನ್ನು ಅವಳು ಹುಟ್ಟಿದಾಗಿನಿಂದ ಕೇಳಿರಲಿಲ್ಲ. “ಇದು ನೀವು ಹೇಳ್ಕೊಟ್ಟಿದ್ದಾ?” ಎಂದು ಪಿಸುದನಿಯಲ್ಲಿ ಕೇಳಿದಳು. ಕ್ರಿಸ್ಟಿನಾ ತಲೆಯಾಡಿಸಿದಳು, ಇಲ್ಲ. “ಆ ಹೆದರಿಕೆ ನಾನು ಯಾರಿಗೂ ಹೇಳಿಲ್ಲ. ಯಾವತ್ತೂ.”

ಒಳಗೆ ಸೆಲಿನ್ ಅಳುತ್ತಿದ್ದಳು. “ಹಾಗಾದ್ರೆ ನೀನೇ ಅಮ್ಮನಿಗೆ ಹೇಳು. ಅದು ಕ್ರಿಸ್ಸಿ ಅಲ್ಲ, ಸೆಲಿನ್ ಅಂತ ಹೇಳು. ಕರಿ ಅಮ್ಮನನ್ನು.”

ಜೋಸ್ವಿನ್ ಕರೆದಳು. “ಅಮ್ಮಾ.”

ಕ್ರಿಸ್ಟಿನಾ ಗೋಡೆ ಬಿಟ್ಟು ಸರಿದಳು. ಎಡಗಾಲು ಎಳೆಯುತ್ತಾ ಒಳಗೆ ಹೋಗಿ ಮಂಚದ ಮೇಲೆ ಕೂತಳು. ಅವಳು ಗಂಟಲು ಸರಿಮಾಡಿಕೊಂಡಾಗ ಕೆಲ್ವಿನ್ ಹೆಂಡತಿಯ ಹೆಗಲು ಹಿಡಿದ. ಜೆನಿಫರ್ ಆ ಕೈಯನ್ನು ತೆಗೆಯಲಿಲ್ಲ.

“ಎಂತಕ್ಕೆ ಅಳ್ತಿ ಸೆಲ್ಲೀ? ಗೊತ್ತಿತ್ತಲ್ಲ ನಂಗೆ.”

“ಎಂತ ಗೊತ್ತಿತ್ತು?”

“ನೀನು ಅಂತ. ಅಕ್ಕಿ ಕುಟ್ಟಿ, ನೀರು ಸೇದಿ ಒರಟಾದ ಕೈ. ಅವಳ ಕೈ ಹಾಗಿತ್ತಾ? ಕಣ್ಣು ಕಾಣದಿದ್ರೆ ಕೈಯೂ ಗೊತ್ತಾಗುದಿಲ್ವಾ? ಅವಳು ಬಂದದ್ದು ಅಂತ ನೀನು ಹೇಳಿದಿ, ನಿನ್ನ ಮಾತು ಮುರಿಯುದು ಬೇಡ ಅಂತ ನಾನು ಸುಮ್ನಿದ್ದೆ. ಮುತ್ತು ಕೊಟ್ಟದ್ದು ನಿಂಗೆ.”

ಸೆಲಿನ್ ಬಹಳ ಹೊತ್ತು ಆ ಮುಖವನ್ನು ನೋಡಿದಳು. ಆಮೇಲೆ, “ಹಸಿವಾಗ್ತದೆ,” ಎಂದಳು.

ಜೆನಿಫರ್ ಓಡಿಹೋಗಿ ಗಂಜಿ ಬಿಸಿಮಾಡಿ ತಂದಳು.

ಅಂದು ಊಟಕ್ಕೆ ಕೂತಾಗ ಕೆಲ್ವಿನ್ ಕೇಳಿದ: “ಚಿಕ್ಕಮ್ಮ, ಅಜ್ಜಿಗೆ ನಿಜವಾಗಿ ಗೊತ್ತಿತ್ತಾ?”

ಕ್ರಿಸ್ಟಿನಾ ಅನ್ನ ಕಲಸುತ್ತಿದ್ದ ಕೈ ನಿಲ್ಲಿಸಿದಳು. “ನಾನು ಒಳಗೆ ಹೋಗುವಾಗ ಬೇರೆ ಮಾತು ಯೋಚನೆ ಮಾಡಿದ್ದೆ. ಕ್ಷಮಿಸು ಅಂತ ಹೇಳುವ ಅಂತ. ಕೈಯ ವಿಷಯ ನಂದಲ್ಲ.”

ಜೋಸ್ವಿನ್ ಜಡೆ ಬಿಚ್ಚಿಕೊಂಡು ಕೂತಿದ್ದಳು. ಜೆನಿಫರ್ ಅವಳ ತಟ್ಟೆಗೆ ಮೀನು ಹಾಕಿ, “ಏನಾದ್ರೂ ಮಾತಾಡೇ,” ಎಂದಳು. “ಐ ಡೋಂಟ್ ರಿಮೆಂಬರ್ ವಾಟ್ ಐ ಸೆಡ್, ಮಾಮ್,” ಎಂದಳು ಹುಡುಗಿ. ಅದನ್ನು ಕೇಳಿ ಜೆನಿಫರ್‌ಗೆ ಸಮಾಧಾನವೂ ಆಯಿತು, ಭಯವೂ ಆಯಿತು.

ಅದರ ನಂತರ ಸೆಲಿನ್ ಯಾರನ್ನೂ ಕರೆಯಲಿಲ್ಲ. ಕೊಟ್ಟದ್ದನ್ನು ತಿಂದಳು. ಒಂದು ದಿನ ತಲೆ ಬಾಚುತ್ತಿದ್ದ ಕ್ರಿಸ್ಟಿನಾಳನ್ನು ಮರ್ಯಾದೆಯಿಂದ ಕೇಳಿದಳು: “ನೀವು ಎಲ್ಲಿಯವರು?”

“ಇಲ್ಲೇ ಹತ್ತಿರದವಳು.”

“ನಿಮ್ಮನ್ನು ನೋಡಿದ್ರೆ ನನ್ನ ತಂಗಿಯ ನೆನಪಾಗ್ತದೆ. ಅವಳು ಬಂದಿದ್ಳು ಮೊನ್ನೆ.”

“ಹೌದಾ? ಒಳ್ಳೇದಾಯ್ತು,” ಎಂದು ಕ್ರಿಸ್ಟಿನಾ ಬಾಚುವುದನ್ನು ಮುಂದುವರಿಸಿದಳು.

ಕ್ರಿಸ್‌ಮಸ್ಸಿಗೆ ಮೊದಲೇ ಸೆಲಿನ್ ನಿದ್ದೆಯಲ್ಲಿ ತೀರಿಕೊಂಡಳು. ಚರ್ಚಿನವರು, ಕೆಲ್ವಿನ್‌ನ ಆಫೀಸಿನವರು ಬಂದರು. ಸ್ನೊಕ್ವಾಲ್ಮಿಯಿಂದ ಜೆನಿಫರ್‌ಳ ಅಣ್ಣ ಬಂದ. ಎಲ್ಲರೂ ಹೋದ ಮೇಲೆ ಒಂದು ಮಧ್ಯಾಹ್ನ ಜೆನಿಫರ್ ಮತ್ತು ಕ್ರಿಸ್ಟಿನಾ ಇಬ್ಬರೇ ಅಡುಗೆಮನೆಯಲ್ಲಿದ್ದರು. ಜೆನಿಫರ್ ಈರುಳ್ಳಿ ಹೆಚ್ಚುತ್ತಿದ್ದವಳು ಚಾಕು ಕೆಳಗಿಟ್ಟಳು.

“ಆಂಟಿ, ಒಂದು ಕೇಳ್ಲಾ? ಕಳೆದ ವರ್ಷ ಒಂದಿನ ನಾನು ಅತ್ತೆ ಮೇಲೆ ಕೈ ಎತ್ತಿದ್ದೆ. ಹೊಡೀಲಿಲ್ಲ. ಆದ್ರೆ ಅವರು ಮುಖಕ್ಕೆ ಕೈ ಅಡ್ಡ ಹಿಡಿದ್ರು. ಆಮೇಲೆ ನನ್ನ ಹೆಸರು ಹಿಡಿದು ಕರೀಲೇ ಇಲ್ಲ.” ಅವಳು ಕ್ರಿಸ್ಟಿನಾಳ ಕಡೆ ತಿರುಗಿದಳು. “ಒಂದೇ ಸಲ. ಅತ್ತೆ ಆಗಿ. ನನ್ನ ಕರೀತೀರಾ?”

ಕ್ರಿಸ್ಟಿನಾ ಕೈ ಒರೆಸಿಕೊಂಡು ನೆಟ್ಟಗೆ ನಿಂತಳು. ಜೆನಿಫರ್‌ಳ ಮುಖವನ್ನು, ಆ ಹುಬ್ಬನ್ನು ನೋಡಿದಳು. ಗಂಟಲು ಸರಿಮಾಡಿಕೊಂಡಳು. ಬಾಯಿ ತೆರೆದಳು. ಏನೂ ಬರಲಿಲ್ಲ. ಮತ್ತೊಮ್ಮೆ ತೆರೆದಳು. ಹೊರಗೆ ಪುಟ್ಟ ವಿಮಾನವೊಂದು ಸರೋವರದ ನೀರು ಬಿಟ್ಟೆದ್ದು ಮನೆಯ ಮೇಲೆ ಹಾದುಹೋಯಿತು.

“ಆಗುದಿಲ್ಲ ಮಗಾ,” ಎಂದಳು ಕೊನೆಗೆ. “ಅಕ್ಕ ಬರುದಿಲ್ಲ.”

ಆ ದನಿ ಒಡಕಲಾಗಿತ್ತು, ಸಣ್ಣದಾಗಿತ್ತು. ಯಾರ ಹಾಗೂ ಇರಲಿಲ್ಲ. ಆಮೇಲೆ ಅವಳು ಕುರ್ಚಿ ಹುಡುಕಿ ಕೂತು ಅತ್ತಳು, ಮೂಗು ಸೋರಿಸಿಕೊಂಡು, ಅಂದಗೆಟ್ಟು. ಜೆನಿಫರ್ ಪಕ್ಕದಲ್ಲಿ ಕೂತು ಅವಳ ಬೆನ್ನ ಮೇಲೆ ಕೈಯಿಟ್ಟಳು. ಒಲೆಯ ಮೇಲೆ ಎಣ್ಣೆ ಹೊಗೆಯಾಡತೊಡಗಿದರೂ ಇಬ್ಬರೂ ಏಳಲಿಲ್ಲ.